ಗಿಣ್ಣು ಹುಡುಕುವ ಬೆರಳು

ಮೃಗಶಿರೆಯ ಮಳೆ ಬಿಡದೆ ಸುರಿದು, ನಡುವೆ ಒಂದು ಹೊಳವು ದೊರೆತು, ಮಣ್ಣು ಇನ್ನೂ ಸಡಿಲವಾಗಿದ್ದು ಕೈಗೆ ಮೆತ್ತದಷ್ಟು ಆರಿರುವ ಮುಂಜಾವವೇ ಹಿತ್ತಿಲ ವೆಡೇಲಿಯವನ್ನು ಕೀಳುವುದಕ್ಕೆ ಪ್ರಶಸ್ತವಾದ ಕಾಲ. ಮಲೆನಾಡಿನ ಮಳೆಗಾಲದಲ್ಲಿ ನನಗೆ ಇದಕ್ಕಿಂತ ಪ್ರಿಯವಾದ ಕೆಲಸ ಬೇರೊಂದಿಲ್ಲ.

ಮಧ್ಯ ಅಮೆರಿಕ ಮತ್ತು ಕೆರಿಬಿಯನ್ ದ್ವೀಪಗಳಲ್ಲಿ ಹುಟ್ಟಿದ ಈ ಬಳ್ಳಿ, ತನ್ನ ಹೊಂಬಣ್ಣದ ಹೂವಿಗೂ ವರ್ಷವಿಡೀ ಮಾಸದ ಹಸುರಿಗೂ ಮನಸೋತ ಉದ್ಯಾನಪ್ರಿಯರ ಕೈಯಿಂದಲೇ ಉಷ್ಣವಲಯದ ದೇಶದೇಶಗಳನ್ನು ಸೇರಿ, ಈಗ ಪ್ರಕೃತಿ ಸಂರಕ್ಷಣೆಯ ಅಂತರರಾಷ್ಟ್ರೀಯ ಒಕ್ಕೂಟದ ತಜ್ಞರು ಹೆಸರಿಸಿದ 100 ಅತಿದುಷ್ಟ ಆಕ್ರಮಣಕಾರಿ ಜೀವಿಗಳ ಸಾಲಿನಲ್ಲಿದೆ. ನಮ್ಮ ನೆಲದ ಪೀತಭೃಂಗರಾಜ, ಔಷಧಕ್ಕೊದಗುವ ಆ ಸಾಧುಸಸ್ಯ, ಇದರ ಜ್ಞಾತಿ.

ಬೀಜವನ್ನು ಅಷ್ಟಾಗಿ ನೆಚ್ಚದ ಇದರ ಬಲವೆಲ್ಲ ಗಿಣ್ಣಿನಲ್ಲಿದೆ. ನೆಲ ಸೋಕಿದ ಗಿಣ್ಣುಗಿಣ್ಣೂ ಬೇರು ಬಿಡುತ್ತದೆ. ಕತ್ತಿಯಿಂದ ಸವರಿದರೆ ಗಿಣ್ಣುಳ್ಳ ತುಂಡೊಂದೊಂದೂ ಹೊಸ ಬಳ್ಳಿಯಾಗುತ್ತದೆ. ಆದಕಾರಣ ಇಲ್ಲಿ ಆಯುಧಕ್ಕಿಂತ ಬೆರಳು ಮೇಲು. ತುದಿಯೊಂದನ್ನು ಎಡಗೈಯಲ್ಲಿ ಹಗುರವಾಗಿ ಎತ್ತಿ, ಬಲಗೈಯ ತೋರುಬೆರಳನ್ನು ಕಾಂಡದಡಿಗೆ ತೂರಿಸಿ, ಮುಂದಿನ ಗಿಣ್ಣನ್ನು ಕಣ್ಣಿಗಿಂತ ಮೊದಲು ಬೆರಳೇ ಕಂಡುಕೊಳ್ಳುವಂತೆ ಸರಿಯುತ್ತ ಹೋದರೆ, ಬಿಳಿಬೇರಿನ ಕುಚ್ಚು ಮಣ್ಣನ್ನು ಬಿಟ್ಟುಕೊಡುವಾಗಿನ ಸಣ್ಣ ಅದುರು ಕೈಗೆ ತಿಳಿಯುತ್ತದೆ. ಎಳೆತ ತುಸು ಹೆಚ್ಚಾಯಿತೋ, ಬಳ್ಳಿ ಟಕ್ಕೆಂದು ಮುರಿದು ಗಿಣ್ಣು ಒಳಗೇ ಉಳಿಯುತ್ತದೆ. ಚರಂಡಿಯಂಚಿನಿಂದ ದಾಸವಾಳದ ಬುಡದವರೆಗೆ ಹಬ್ಬಿದ ಬಳ್ಳಿ ಎಲ್ಲಿಯೂ ಕಡಿಯದೆ, ಸಮಸ್ತ ಬೇರುಗಳೊಡನೆ ಅಖಂಡವಾಗಿ ಕೈಗೆ ಬಂದಾಗ ಆಗುವ ಆನಂದ, ಸಿಕ್ಕುಬಿದ್ದ ನೂಲನ್ನು ಹರಿಯದೆ ಬಿಡಿಸಿದವರಿಗೆ ಪರಿಚಿತವಾದುದು.

ಕಿತ್ತದ್ದನ್ನು ತಿಪ್ಪೆಗೆ ಸುರಿಯಬಾರದು, ಅಲ್ಲಿಯೂ ಅದು ಚಿಗುರುತ್ತದೆ. ಹಳ್ಳಕ್ಕಂತೂ ಎಸೆಯಲೇಕೂಡದು, ನೀರಿನಲ್ಲಿ ತೇಲಿ ಕೆಳಗಿನವರ ತೋಟದಲ್ಲಿ ನೆಲೆಯೂರುವ ತುಂಡು, ನೆರೆಯವರಿಗೆ ನಾವು ಬಗೆದ ದ್ರೋಹವೆಂದೇ ನನ್ನ ದೃಢವಾದ ಅಭಿಪ್ರಾಯ. ಕೊಟ್ಟಿಗೆಯ ಮಾಡಿನ ಕೆಳಗೆ, ನೆಲಕ್ಕೆ ತಾಗದಂತೆ ಬಿದಿರಗಳಕ್ಕೆ ನೇತುಹಾಕಿ, ಗಿಣ್ಣು ಚಿವುಟಿದರೆ ಪುಡಿಯಾಗುವಷ್ಟು ಒಣಗಿದ ಬಳಿಕ ಬಚ್ಚಲೊಲೆಗೆ ಹಾಕುವುದು ನಮ್ಮ ಮನೆಯ ಪದ್ಧತಿ.

ಹಾಸು ಸರಿದ ನೆಲ ಮೊದಮೊದಲು ಬರಿದಾಗಿ, ಬಿಳಿಚಿಕೊಂಡು ಕಾಣುತ್ತದೆ. ಆಮೇಲೆ, ಅಷ್ಟು ಕಾಲ ಬೆಳಕಿಗೆ ಎರವಾಗಿದ್ದ ಒಂದೆಲಗ ತೇವದ ಮಗ್ಗುಲಿನಲ್ಲಿ ದುಂಡೆಲೆಗಳನ್ನು ಬಿಚ್ಚುತ್ತದೆ. ಅದರ ಪಕ್ಕದಲ್ಲಿ ನೆಲನೆಲ್ಲಿ, ತುಸು ಎತ್ತರದಲ್ಲಿ ತುಂಬೆ. ತಪ್ಪಿಸಿಕೊಂಡ ಗಿಣ್ಣುಗಳೂ ಇವುಗಳ ನಡುವೆಯೇ ಜೋಡಿಯೆಲೆ ಹೊರಡಿಸುವುದರಿಂದ ಕೆಲಸ ಇನ್ನಷ್ಟು ಸೂಕ್ಷ್ಮವಾಗುತ್ತದೆ. ಒಂದೆಲಗವೂ ಗಿಣ್ಣಿನಲ್ಲಿ ಬೇರೂರಿ ಹರಿಯುವ ಬಳ್ಳಿಯೇ. ಆದರೆ ಅದರ ಹಂಬು ನೂಲಿನಂತೆ ತೆಳು, ನುಣುಪು. ವೆಡೇಲಿಯದ ಕಾಂಡ ದಪ್ಪ, ತುಸು ಒರಟು. ಹೀಗೆ ಒಂದನ್ನು ಬಿಟ್ಟು ಇನ್ನೊಂದನ್ನು ಹೆಕ್ಕುತ್ತ, ತಂಬುಳಿಗೆ ಬೇಕಾದಷ್ಟು ಸೊಪ್ಪನ್ನು ಮಡಿಲಿಗೆ ಹಾಕಿಕೊಳ್ಳುತ್ತ, ಕುಕ್ಕುರುಗಾಲಿನಲ್ಲಿ ಕುಳಿತು ಮಾಡುವ ಈ ಎರಡನೆಯ ಸುತ್ತು ದೀಪಾವಳಿಯವರೆಗೂ ನಡೆಯುತ್ತದೆ.