ಅಜ್ಜ, ಅಪ್ಪ ಮತ್ತು ಅಕಾರ್ಡಿಯನ್

ಕಳೆದ ಬೇಸಿಗೆ ರಜೆಯಲ್ಲಿ ನಾನೊಂದು ತಪ್ಪು ಮಾಡಿದೆ. ಆರನೇ ತರಗತಿಯ ಮೊಮ್ಮಗಳು ಟೀವಿಯಲ್ಲಿ ಕೇಳಿದ ಹಾಡೊಂದನ್ನು ಕೀಬೋರ್ಡಿನಲ್ಲಿ ಹುಡುಕಿ ಹುಡುಕಿ ನುಡಿಸುತ್ತಿದ್ದಳು. ನಾನೋ ಜೀವನವಿಡೀ ಬ್ಯಾಂಕಿನ ಲೆಡ್ಜರ್ ಬರೆದವನು. ವೋಚರ್ ಇಲ್ಲದೆ ಒಂದು ಪೈಸೆಯನ್ನೂ ನಂಬಿದವನಲ್ಲ. ‘ಪುಸ್ತಕ ನೋಡಿಕೊಂಡು ನುಡಿಸೋದು ಕಲಿ ಪುಟ್ಟಿ. ಹೀಗೆ ತಡಕಾಡಿದರೆ ಸಂಗೀತ ಬರೋದಿಲ್ಲ’ ಎಂದುಬಿಟ್ಟೆ.

ಅವಳು ಮಾತಾಡಲಿಲ್ಲ. ಕೀಬೋರ್ಡಿನ ಮೇಲೆ ಬಟ್ಟೆ ಹೊದಿಸಿದಳು. ಹದಿನೈದು ದಿನ ಕಳೆದರೂ ಅದನ್ನು ತೆಗೆಯಲಿಲ್ಲ.

ಆಗ ನನಗೆ ನೆನಪಾದದ್ದು ಸ್ವೀಡನ್ ದೇಶದ ‘ಅಬ್ಬಾ’ ತಂಡ. ನಾನು ಶಿವಮೊಗ್ಗದಲ್ಲಿ ಗುಮಾಸ್ತನಾಗಿದ್ದಾಗ ಸಹೋದ್ಯೋಗಿಯೊಬ್ಬರು ಅವರ ಕ್ಯಾಸೆಟ್ ಹಾಕುತ್ತಿದ್ದರು. ಹೆಸರು ಕೇಳಿ ನಮ್ಮ ‘ಅಬ್ಬಾ!’ ಎಂಬ ಉದ್ಗಾರವೇ ಇರಬೇಕೆಂದುಕೊಂಡಿದ್ದೆ. ಅದು ಅಗ್ನೆತಾ, ಬ್ಯೋರ್ನ್, ಬೆನ್ನಿ, ಆನಿ-ಫ್ರೀಡ್ ಎಂಬ ನಾಲ್ವರ ಹೆಸರಿನ ಮೊದಲಕ್ಷರಗಳಂತೆ. ಹಾಡಿನ ಮಾತು ಅರ್ಥವಾಗದಿದ್ದರೂ ಪಿಯಾನೊ ಕಿವಿಯಲ್ಲಿ ಉಳಿದಿತ್ತು. ಅದನ್ನು ನುಡಿಸಿದವರು ಬೆನ್ನಿ ಆ್ಯಂಡರ್ಸನ್. ಕುತೂಹಲದಿಂದ ಅವರ ಬಗ್ಗೆ ಓದಿದೆ.

ಬೆನ್ನಿ ಹುಟ್ಟಿದ್ದು 1946ರಲ್ಲಿ, ಸ್ಟಾಕ್‌ಹೋಮ್‌ನಲ್ಲಿ. ಅವರ ಅಜ್ಜನೂ ಅಪ್ಪನೂ ಅಕಾರ್ಡಿಯನ್ ನುಡಿಸುತ್ತಿದ್ದರು. ಆರನೇ ವಯಸ್ಸಿಗೆ ಹುಡುಗನ ಕೈಗೂ ಒಂದು ಅಕಾರ್ಡಿಯನ್ ಬಂತು. ಮಕ್ಕಳೇ, ಅಕಾರ್ಡಿಯನ್ ನಮ್ಮ ಹಾರ್ಮೋನಿಯಂನ ದಾಯಾದಿ. ಎರಡರಲ್ಲೂ ತಿದಿ ಒತ್ತಿದಾಗ ಗಾಳಿ ನುಗ್ಗಿ, ಲೋಹದ ಸಣ್ಣ ಪಟ್ಟಿಗಳು ಕಂಪಿಸಿ ಸ್ವರ ಹೊರಡುತ್ತದೆ. ಹತ್ತನೇ ವಯಸ್ಸಿಗೆ ಮನೆಗೆ ಪಿಯಾನೊ ಬಂತು. ಅದನ್ನು ಬೆನ್ನಿ ತಾವೇ ಕಲಿತರು. 1964ರಲ್ಲಿ ‘ಹೆಪ್ ಸ್ಟಾರ್ಸ್’ ಎಂಬ ತಂಡದ ಕೀಬೋರ್ಡ್ ವಾದಕರಾದರು. ಎರಡು ವರ್ಷದ ನಂತರ ಬ್ಯೋರ್ನ್ ಗೆಳೆತನವಾಯಿತು. 1974ರಲ್ಲಿ ಇಂಗ್ಲೆಂಡಿನ ಬ್ರೈಟನ್‌ನಲ್ಲಿ ನಡೆದ ಯೂರೋವಿಷನ್ ಸ್ಪರ್ಧೆಯನ್ನು ‘ವಾಟರ್‌ಲೂ’ ಹಾಡಿನಿಂದ ಅಬ್ಬಾ ಗೆದ್ದಿತು. ಅಲ್ಲಿಂದ ಅವರು ಲೋಕಕ್ಕೆಲ್ಲ ಪರಿಚಿತರಾದರು.

ಪಿಯಾನೊ, ಆರ್ಗನ್, ಸಿಂಥಸೈಜರ್, ಅಕಾರ್ಡಿಯನ್, ಯಾವುದಕ್ಕೂ ಬೆನ್ನಿ ಹಿಂಜರಿದವರಲ್ಲ. 1975ರ ‘ಮಮ್ಮಾ ಮಿಯಾ’ ಹಾಡಿನ ಆರಂಭದ ಟಕಟಕ ಸದ್ದು ಮರಿಂಬಾ ಎಂಬ ವಾದ್ಯದ್ದು. ನಮ್ಮ ಕಾಷ್ಠತರಂಗದಂತೆ ಮರದ ಪಟ್ಟಿಗಳನ್ನು ಬಡಿದು ನುಡಿಸುವಂಥದ್ದು. ಸ್ಟುಡಿಯೋದಲ್ಲಿದ್ದ ಅದನ್ನು ಹಾಡಿಗೆ ಸೇರಿಸಿದ್ದು ಬೆನ್ನಿಯೇ.

1982ರ ಕೊನೆಯಲ್ಲಿ ತಂಡ ಹಾಡು ನಿಲ್ಲಿಸಿತು. ಬೆನ್ನಿ ನಿಲ್ಲಿಸಲಿಲ್ಲ. ಸಂಗೀತನಾಟಕಗಳಿಗೆ ರಾಗ ಹಾಕಿದರು. 2001ರಲ್ಲಿ ತಮ್ಮದೇ ಹದಿನಾರು ಜನರ ವಾದ್ಯವೃಂದ ಕಟ್ಟಿ, ಅಜ್ಜ ನುಡಿಸುತ್ತಿದ್ದ ಅಕಾರ್ಡಿಯನ್ನನ್ನೇ ಮತ್ತೆ ಎತ್ತಿಕೊಂಡರು. 2021ರಲ್ಲಿ, ಎಪ್ಪತ್ತು ದಾಟಿದ ಮೇಲೆ, ನಾಲ್ವರೂ ಕೂಡಿ ಹೊಸ ಆಲ್ಬಂ ತಂದರು.

ಇಷ್ಟು ಓದಿದವನಿಗೆ ಒಂದು ಸಂಗತಿ ಚುಚ್ಚಿತು. ಬೆನ್ನಿಗೆ ಸ್ವರಲಿಪಿ ಓದಲು ಬರುವುದಿಲ್ಲ! ಎಲ್ಲವೂ ಕಿವಿ ಮತ್ತು ನೆನಪಿನ ಲೆಕ್ಕ. ಅಂದರೆ ನನ್ನ ಪುಟ್ಟಿ ಮಾಡುತ್ತಿದ್ದ ‘ತಡಕಾಟ’ವೇ.

ಇನ್ನೊಂದು ನೆನಪು ಅದಕ್ಕಿಂತ ಹೆಚ್ಚು ಚುಚ್ಚಿತು. ನಮ್ಮ ಮನೆಯಲ್ಲೂ ಒಂದು ಹಾರ್ಮೋನಿಯಂ ಇತ್ತು. ನಾನದನ್ನು ಮುಟ್ಟಿದರೆ ಅಪ್ಪ, ‘ಮೊದಲು ಲೆಕ್ಕ ಕಲಿ’ ಎನ್ನುತ್ತಿದ್ದರು. ಒಂದು ದಿನ ಅದನ್ನು ಭಜನಾ ಮಂದಿರಕ್ಕೆ ಕೊಟ್ಟುಬಿಟ್ಟರು. ಲೆಕ್ಕ ಕಲಿತೆ, ಬಿಕಾಂ ಆಯಿತು, ಪಿಂಚಣಿಯೂ ಬರುತ್ತಿದೆ, ಅಪ್ಪನನ್ನು ದೂರಲಾರೆ. ಆದರೆ ಆ ಮನೆಯಲ್ಲಿ ಅಜ್ಜನಿಂದ ಮೊಮ್ಮಗನಿಗೆ ಅಕಾರ್ಡಿಯನ್ ಬಂತು. ನಮ್ಮ ಮನೆಯಲ್ಲಿ ಬಂದದ್ದು ‘ಬೇಡ’ ಎಂಬ ಮಾತು.

ಸ್ವರಲಿಪಿ ಬೇಡವೆಂದು ನಾನು ಹೇಳುತ್ತಿಲ್ಲ. ಕಲಿತರೆ ಒಳ್ಳೆಯದೇ. ಅದು ಬಂದ ಮೇಲೆಯೇ ನುಡಿಸಬೇಕು ಎಂದದ್ದು ನನ್ನ ತಪ್ಪು.

ಪುಟ್ಟಿಯನ್ನು ಕರೆದು, ‘ಆವತ್ತು ತಾತ ತಪ್ಪು ಹೇಳಿದೆ ಕಣಮ್ಮ’ ಎಂದು ಬೆನ್ನಿಯ ಕಥೆ ಹೇಳಿದೆ. ಪೂರ್ತಿ ಕೇಳಿದಳು. ಬಟ್ಟೆ ಸರಿಸಿ, ಅರ್ಧಕ್ಕೆ ನಿಂತಿದ್ದ ಹಾಡನ್ನು ಎರಡು ಸಲ ತಪ್ಪಿ, ಮೂರನೇ ಸಲ ಸರಿಯಾಗಿ ನುಡಿಸಿದಳು. ಆಮೇಲೆ ಸ್ವಲ್ಪ ಸರಿದು ಕೂತು ಹೇಳಿದಳು:

‘ತಾತ, ಈ ಒಂದು ಮನೆ ಒತ್ತಿಕೊಂಡಿರಿ. ಕೈ ಮಾತ್ರ ತೆಗೀಬೇಡಿ.’

ಒತ್ತಿಕೊಂಡೇ ಕೂತೆ.