ಆಗುಂಬೆಯ ಸಂಜೆ, ಅಂಗೈಯ ಬೆಳಕು

ಮಳೆಗಾಲದಲ್ಲಿ ಆಗುಂಬೆಗೆ ಹೋದವರಿಗೆ ಸೂರ್ಯದರ್ಶನವೇ ಅಪರೂಪ. ವರ್ಷಕ್ಕೆ ಸರಾಸರಿ 7,000 ಮಿಲಿಮೀಟರಿಗೂ ಮಿಕ್ಕಿ ಮಳೆ ಸುರಿಯುವ, ತೀರ್ಥಹಳ್ಳಿ ತಾಲ್ಲೂಕಿನ ಈ ಪುಟ್ಟ ಊರಿನ ಸೂರ್ಯಾಸ್ತ ನೋಡಬೇಕಾದರೆ ನವೆಂಬರಿನಿಂದ ಜನವರಿಯೊಳಗೆ ಹೋಗಬೇಕು. ಆಗ ಸಂಜೆಯಾಯಿತೆಂದರೆ ಘಾಟಿಯ ಅಂಚಿನ ವೀಕ್ಷಣಾ ಕಟ್ಟೆಯಲ್ಲಿ ಜನಜಾತ್ರೆ. ಶಾಲಾ ಪ್ರವಾಸದ ಬಸ್ಸುಗಳೂ ಬಂದು ನಿಲ್ಲುತ್ತವೆ. ಕೆಳಗೆ ದಟ್ಟ ಕಾಡು, ಅದರಾಚೆ ಕರಾವಳಿಯ ಬಯಲು, ಆಕಾಶ ಶುಭ್ರವಾಗಿದ್ದರೆ ಅರಬ್ಬಿ ಸಮುದ್ರದ ಒಂದು ಗೆರೆ.

ಸೂರ್ಯಬಿಂಬದ ಕೆಳ ಅಂಚು ದಿಗಂತವನ್ನು ಮುಟ್ಟಿದ ಮೇಲೆ ಪೂರ್ತಿ ಮುಳುಗಲು ಹಿಡಿಯುವುದು ಎರಡು ನಿಮಿಷಕ್ಕಿಂತ ತುಸು ಹೆಚ್ಚು. ನಿಜವಾಗಿ ಸೂರ್ಯ ಆಗಲೇ ದಿಗಂತದ ಕೆಳಗೆ ಇಳಿದಿರುತ್ತಾನೆ. ವಾತಾವರಣವು ಬೆಳಕನ್ನು ಬಾಗಿಸಿ ಅವನನ್ನು ಮೇಲೆತ್ತಿ ತೋರಿಸುತ್ತಿರುತ್ತದೆ. ಕಟ್ಟೆಯ ಮೇಲಿನ ಬಹಳ ಮಂದಿ ಈ ಎರಡು ನಿಮಿಷ ಸೂರ್ಯನಿಗೆ ಬೆನ್ನು ಹಾಕಿ ನಿಂತಿರುತ್ತಾರೆ. ಸೆಲ್ಫಿಗೆ ಬೇರೆ ದಾರಿಯಿಲ್ಲವಲ್ಲ! ಮಗನನ್ನು ಗದರುವ ತಂದೆಯ ಕೈಯಲ್ಲೂ ಒಂದು ಫೋನು.

ಚಿತ್ರ ಉಳಿಯುತ್ತದಲ್ಲ ಎನ್ನಬಹುದು. ಅಮೆರಿಕದ ಮನೋವಿಜ್ಞಾನಿ ಲಿಂಡಾ ಹೆಂಕೆಲ್ 2014ರಲ್ಲಿ ಪ್ರಕಟಿಸಿದ ಪ್ರಯೋಗ ಇದಕ್ಕೆ ಸಂಬಂಧಿಸಿದ್ದು. ವಸ್ತುಸಂಗ್ರಹಾಲಯದಲ್ಲಿ ಬರಿಗಣ್ಣಿನಿಂದ ನೋಡಿದ ವಸ್ತುಗಳಿಗಿಂತ, ಫೋಟೋ ತೆಗೆದ ವಸ್ತುಗಳು ವಿದ್ಯಾರ್ಥಿಗಳಿಗೆ ಮರುದಿನ ಕಡಿಮೆ ನೆನಪಿದ್ದವು. ವಿಶೇಷವೆಂದರೆ, ವಸ್ತುವಿನ ಒಂದು ಭಾಗವನ್ನು ಹತ್ತಿರಕ್ಕೆ ಎಳೆದು ಚಿತ್ರ ತೆಗೆದಾಗ ನೆನಪು ಹಾಗೆ ಕುಗ್ಗಲಿಲ್ಲ. ಯಂತ್ರ ಕೈಯಲ್ಲಿದ್ದರೂ ಗಮನ ಅಲ್ಲಿತ್ತು.

ಕತ್ತಲಾದ ಮೇಲಿನ ನಷ್ಟ ಇದಕ್ಕಿಂತ ದೊಡ್ಡದು, ಅದು ಗೊತ್ತಾಗುವುದೂ ಇಲ್ಲ. ಕಣ್ಣಿನ ಅಕ್ಷಿಪಟದಲ್ಲಿ ಬಣ್ಣ ಗುರುತಿಸುವ ಶಂಕುಕೋಶಗಳು ಸುಮಾರು 60 ಲಕ್ಷ, ಮಂದ ಬೆಳಕಿಗೆ ಸ್ಪಂದಿಸುವ ದಂಡಕೋಶಗಳು ಸುಮಾರು 12 ಕೋಟಿ. ದಂಡಕೋಶಗಳಲ್ಲಿರುವ ರೊಡಾಪ್ಸಿನ್ ಎಂಬ ವರ್ಣದ್ರವ್ಯ ಬೆಳಕಿಗೆ ಒಡೆಯುತ್ತದೆ, ಕತ್ತಲಲ್ಲಿ ಮತ್ತೆ ಕೂಡಿಕೊಳ್ಳುತ್ತದೆ. ಕಣ್ಣು ಕತ್ತಲೆಗೆ ಚೆನ್ನಾಗಿ ಹೊಂದಿಕೊಳ್ಳಲು ಅರ್ಧ ಗಂಟೆಯಾದರೂ ಬೇಕು. ನಡುವೆ ಸಂದೇಶ ಬಂದಿತೆಂದು ಒಮ್ಮೆ ಹೊಳೆಯುವ ಪರದೆ ನೋಡಿದರೆ ಆ ಕಾಯುವಿಕೆಯ ಬಹುಪಾಲು ವ್ಯರ್ಥ. ಹತ್ತು ನಿಮಿಷಕ್ಕೊಮ್ಮೆ ಫೋನು ತೆರೆಯುವ ಹುಡುಗ ಇಡೀ ರಾತ್ರಿ ಹೊರಗೆ ಕುಳಿತರೂ ಅವನ ಕಣ್ಣಿಗೆ ಪೂರ್ಣ ಇರುಳು ದಕ್ಕದು. ದಾರಿ ನೋಡಲು ಬೆಳಕು ಬೇಕೇ ಬೇಕೆಂದರೆ ಟಾರ್ಚಿಗೆ ಕೆಂಪು ಕಾಗದ ಸುತ್ತಿಕೊಳ್ಳಬಹುದು. ಮಂದವಾದ ಕೆಂಪು ಬೆಳಕು ದಂಡಕೋಶಗಳನ್ನು ಅಷ್ಟಾಗಿ ಬಾಧಿಸುವುದಿಲ್ಲ.

ಇದಕ್ಕಾಗಿ ಕಾಡಿಗೆ ಹೋಗಬೇಕಿಲ್ಲ, ಹೋಗಲೂಬಾರದು. ತಂಗಿದ ಮನೆಯ ಅಂಗಳದ ದೀಪ ಆರಿಸಿದರೆ ಸಾಕು. ಡಿಸೆಂಬರಿನ ಚಂದ್ರನಿಲ್ಲದ ರಾತ್ರಿ ಏಳೂವರೆಯ ಹೊತ್ತಿಗೆ ಪೂರ್ವದಲ್ಲಿ ಕೃತ್ತಿಕೆಯ ಗೊಂಚಲು ಸಿಗುತ್ತದೆ. ನೆತ್ತಿಯಿಂದ ಉತ್ತರಕ್ಕೆ ತುಸು ಇಳಿದು ಹುಡುಕಿದರೆ ಹೊಗೆಯ ಚುಕ್ಕೆಯಂಥದ್ದೊಂದು, 25 ಲಕ್ಷ ಜ್ಯೋತಿರ್ವರ್ಷ ದೂರದ ಆಂಡ್ರೊಮೀಡಾ ಗೆಲಾಕ್ಸಿ. ನೇರವಾಗಿ ದಿಟ್ಟಿಸಿದರೆ ಅದು ಮಾಯವಾಗುತ್ತದೆ. ಅಕ್ಷಿಪಟದ ನಟ್ಟನಡುವೆ ದಂಡಕೋಶಗಳಿಲ್ಲದ ಕಾರಣ, ದೃಷ್ಟಿಯನ್ನು ಸ್ವಲ್ಪ ಪಕ್ಕಕ್ಕೆ ಸರಿಸಿ ಓರೆಗಣ್ಣಿನಲ್ಲಿ ನೋಡಬೇಕು.