ತಂಬೂರಿಯ ಜೀವಾಳ

ಸಂಗೀತ ಕಛೇರಿ ಮುಗಿದಾಗ ಗಾಯಕರನ್ನು ಎಲ್ಲರೂ ಕೊಂಡಾಡುತ್ತಾರೆ. ಅವರ ಹಿಂದೆ ಕುಳಿತು ತಂಬೂರಿ ಮೀಟಿದವರನ್ನು ನೆನೆಯುವವರು ವಿರಳ. ರಾಗವನ್ನು ವಿಸ್ತರಿಸದ, ತಾಳವನ್ನು ತೋರದ ಈ ವಾದ್ಯವು ಹಾಡುವವರಿಗೆ ನಿಲ್ಲಲು ನೆಲೆಯನ್ನಷ್ಟೇ ಒದಗಿಸುತ್ತದೆ. ತಮ್ಮ ದೇಹವನ್ನೇ ತಂತಿವಾದ್ಯವಾಗಿಸೆಂದು ಬಸವಣ್ಣನವರು ಕೂಡಲಸಂಗಮದೇವನನ್ನು ಬೇಡಿಕೊಂಡ ವಚನವನ್ನು ಬಲ್ಲ ನಮಗೆ ಈ ವಿನಯ ಹೊಸದಲ್ಲ.

ನಮ್ಮ ಮನೆಯ ತಂಬೂರಿ ಮಿರಜದಲ್ಲಿ ತಯಾರಾದುದು. ಮಲ್ಲಿಕಾರ್ಜುನ ಮನ್ಸೂರರು ನೀಲಕಂಠಬುವಾ ಅವರಲ್ಲಿ ಸಂಗೀತ ಕಲಿತ ಊರದು. ಆಯುಧಗಳನ್ನು ಸಾಣೆ ಹಿಡಿಯುತ್ತಿದ್ದ ಶಿಕಲಗಾರ ಮನೆತನದವರು ಹತ್ತೊಂಬತ್ತನೆಯ ಶತಮಾನದಲ್ಲಿ ಅಲ್ಲಿ ವಾದ್ಯ ತಯಾರಿಕೆಗೆ ತೊಡಗಿದರು. ಕತ್ತಿ ಮಸೆದ ಕೈಗಳು ತಂತಿ ಬಿಗಿದವು! 2024ರಲ್ಲಿ ಮಿರಜದ ಸಿತಾರ ಮತ್ತು ತಂಬೂರಿಗಳಿಗೆ ಭೌಗೋಳಿಕ ಸೂಚಕದ ಮನ್ನಣೆ ದೊರೆಯಿತು. ಇದಕ್ಕೆ ಬೇಕಾದ ಮರ ಕರ್ನಾಟಕದ ಕಾಡುಗಳಿಂದ ಹೋಗುತ್ತದೆ. ಸೋರೆಬುರುಡೆ ಮಂಗಳವೇಢೆಯ ಸುತ್ತಣ ಹೊಲಗಳಿಂದ ಬರುತ್ತದೆ. ಕಲ್ಯಾಣಕ್ಕೆ ಬರುವ ಮೊದಲು ಬಸವಣ್ಣನವರು ಕಾಯಕ ಮಾಡಿದ ಮಂಗಳವಾಡವೇ ಇಂದಿನ ಮಂಗಳವೇಢೆ.

ಬುರುಡೆಯನ್ನು ಚೆನ್ನಾಗಿ ಒಣಗಿಸಿ, ಕೊರೆದು, ದಂಡಿಗೆಗೆ ಜೋಡಿಸಿ, ಬಿರಡೆಗಳಿಗೆ ನಾಲ್ಕು ತಂತಿಗಳನ್ನು ಸುತ್ತಿದರೂ ತಂಬೂರಿ ಮಾತನಾಡುವುದಿಲ್ಲ. ತಂತಿ ಹಾಯುವ ಕುದುರೆಯ ಮೇಲ್ಮೈಯನ್ನು ಕೂದಲೆಳೆಯಷ್ಟು ತಗ್ಗಿಸುತ್ತ, ಪ್ರತಿಸಲವೂ ಮೀಟಿ ಆಲಿಸುತ್ತ, ಕುಶಲಕರ್ಮಿ ಅದನ್ನು ಹದಕ್ಕೆ ತರಬೇಕು. ಕೊನೆಗೆ ತಂತಿಗೂ ಕುದುರೆಗೂ ನಡುವೆ ಒಂದು ನೂಲಿನೆಳೆಯನ್ನು ಸರಿಸಿದಾಗ ಒಣನಾದವು ಝೇಂಕಾರವಾಗಿ ಅರಳುತ್ತದೆ. ಆ ಎಳೆಗೆ ನಮ್ಮ ಹಿರಿಯರು ಇಟ್ಟ ಹೆಸರು ಜೀವಾಳ.

ತೀರ್ಥರೂಪರು ದಿನವೂ ಪೂಜೆಯಾದ ಬಳಿಕ ಈ ತಂಬೂರಿ ಹಿಡಿದು ವಚನ ಹಾಡುತ್ತಿದ್ದರು. ಅವರು ಲಿಂಗೈಕ್ಯರಾದ ಮೇಲೆ ಅದು ಮೂಲೆ ಸೇರಿತು. ಶ್ರುತಿ ಬೇಕೆಂದರೆ ಮೊಬೈಲಿನಲ್ಲಿಯೇ ದೊರೆಯುವ ಕಾಲವಿದು. ಅಂಗಡಿಯ ಅಲಂಕಾರಕ್ಕೆಂದು ಒಬ್ಬರು ಒಳ್ಳೆಯ ಬೆಲೆ ಕೊಡಲು ಮುಂದಾದರು, ಸಹೋದರರೂ ಒಪ್ಪಿದರು. ಆಗ ನಮ್ಮ ತಾಯಿ, “ಗ್ವಾಡಿಗೆ ತೂಗ ಹಾಕವರಿಗೆ ಕೊಡಬ್ಯಾಡ್ರಿ. ಹಾಡವರಿಗೆ ಹಂಗ ಕೊಟ್ಟರೂ ಚಿಂತಿಲ್ಲ,” ಎಂದರು.

ಆ ಮಾತಿಗೆ ಯಾರೂ ಎದುರಾಡಲಿಲ್ಲ. ಮಿರಜಕ್ಕೆ ಒಯ್ದು ಕುದುರೆಯನ್ನು ಸರಿಪಡಿಸಿಕೊಂಡು ಬಂದೆವು. ಈಗ ನಮ್ಮ ಓಣಿಯ ಬಾಲಕಿಯೊಬ್ಬಳು ಅದರ ಮೇಲೆ ಅಭ್ಯಾಸ ಮಾಡುತ್ತಿದ್ದಾಳೆ. ಯಂತ್ರದ ಶ್ರುತಿಗೆ ಬರಿಯ ಗುಂಡಿ ಒತ್ತಿದರೆ ಸಾಕು. ಇಲ್ಲಿ ಹಾಡುವ ಮೊದಲು ಕಿವಿಗೊಟ್ಟು ಕೇಳಲು ಅವಳು ಕಲಿಯಬೇಕಾಗಿದೆ. ಹಿರಿಯರ ವಾದ್ಯಗಳು ಯಾರ ಮನೆಯಲ್ಲಾದರೂ ಮೌನವಾಗಿದ್ದರೆ, ದಯವಿಟ್ಟು ಕಲಿಯುವ ಮಕ್ಕಳ ಕೈಗೆ ಕೊಡಿರಿ.